ಬರೀ ಎಲುಬು ಉಳಿಯುವ ಮೊದಲು

ಕರ್ನಾಟಕ ಚಲನಚಿತ್ರ ಅಕಾಡೆಮಿಯ ಅಧ್ಯಕ್ಷರಿಗೆ ಮತ್ತು ಸದಸ್ಯರಿಗೆ, ಅನಿಮೇಷನ್ ಕಲಿಸುವ ಕಾಲೇಜುಗಳ ಮುಖ್ಯಸ್ಥರಿಗೆ, ಮನೆಯ ಅಟ್ಟದ ಮೇಲೋ ಮಂಚದ ಕೆಳಗೋ ಸ್ಟಾಪ್ ಮೋಷನ್ ಚಿತ್ರಕ್ಕೆಂದು ಮಾಡಿದ ಗೊಂಬೆಯೊಂದನ್ನು ಇಟ್ಟು ಮರೆತಿರುವ ಎಲ್ಲರಿಗೆ,

ನಮಸ್ಕಾರ.

ಕಳೆದ ಬೇಸಿಗೆಯಲ್ಲಿ ತಿಪಟೂರಿನ ನಮ್ಮ ಮನೆಗೆ ಸುಣ್ಣ ಹೊಡೆಸಬೇಕಾಗಿ ಬಂದು ಅಟ್ಟ ಖಾಲಿ ಮಾಡಿಸಿದೆವು. ನನ್ನ ಕಾಲೇಜು ದಿನಗಳ ತಗಡಿನ ಟ್ರಂಕು ಕೆಳಗಿಳಿಯಿತು. ಅದರೊಳಗೆ 2004ರಲ್ಲಿ ನಾನು ಮಾಡಿದ ಗೊಂಬೆ ಇತ್ತು: ಒಬ್ಬ ಮುದುಕ ಅಂಚೆಯವನು. ಅಲ್ಯುಮಿನಿಯಂ ತಂತಿ ಹೊಸೆದು ಮೈಯ ಹಂದರ ಮಾಡಿದ್ದೆ. ಅದರ ಮೇಲೆ ಸೋಫಾ ರಿಪೇರಿ ಅಂಗಡಿಯವರನ್ನು ಕೇಳಿ ತಂದ ಫೋಮಿನ ಚೂರುಗಳು, ಅದರ ಮೇಲೆ ಅಪ್ಪನ ಹಳೇ ಖಾಕಿ ಪ್ಯಾಂಟು ಕತ್ತರಿಸಿ ಅಮ್ಮ ಹೊಲಿದುಕೊಟ್ಟ ಅಂಗಿ. ಮೂರು ತಿಂಗಳು ಆ ಮುದುಕನ ಕೈಕಾಲುಗಳನ್ನು ಕೂದಲೆಳೆಯಷ್ಟು ಕೂದಲೆಳೆಯಷ್ಟೇ ಸರಿಸಿ, ಒಂದೊಂದು ಸರಿಸುವಿಕೆಗೂ ಒಂದೊಂದು ಫ್ರೇಮ್ ತೆಗೆದು, ಒಂದು ನಿಮಿಷ ನಲವತ್ತು ಸೆಕೆಂಡಿನ ಚಿತ್ರ ಮಾಡಿದ್ದೆ. ಟ್ರಂಕಿನಿಂದ ಅವನನ್ನು ಎತ್ತಿಕೊಂಡೆ. ಅಂಗಿಯ ತೋಳಿನಿಂದ ಹಳದಿ ಪುಡಿ ಸುರಿಯಿತು. ಇಪ್ಪತ್ತು ಬೇಸಿಗೆಗಳ ಕಾವಿಗೆ ಫೋಮು ಹಿಟ್ಟಾಗಿತ್ತು. ಅಂಗಿ ಇತ್ತು, ಒಳಗೆ ತಂತಿ ಇತ್ತು, ನಡುವೆ ಇದ್ದ ಮನುಷ್ಯ ಇರಲಿಲ್ಲ.

ಆ ಪುಡಿಯನ್ನು ಅಂಗೈಯಲ್ಲಿ ಹಿಡಿದು ನಿಂತಾಗ ನನಗೆ ನೆನಪಾದದ್ದು ಕಿಂಗ್ ಕಾಂಗ್. 1933ರ ಆ ಚಿತ್ರದಲ್ಲಿ ಎಂಪೈರ್ ಸ್ಟೇಟ್ ಕಟ್ಟಡದ ತುದಿಗೆ ಹತ್ತಿ ವಿಮಾನಗಳತ್ತ ಕೈಬೀಸುವ ದೈತ್ಯ ಗೊರಿಲ್ಲಾ ಮೊಳದುದ್ದದ ಗೊಂಬೆ. ನ್ಯೂಯಾರ್ಕಿನ ದೃಶ್ಯಗಳಿಗೆಂದು ಮಾಡಿದ್ದು ಅದಕ್ಕಿಂತ ಅರ್ಧ ಅಡಿ ಎತ್ತರದ್ದು. ಒಳಗೆ ಕೀಲುಕೀಲಿಗೂ ತಿರುಗುವ ಲೋಹದ ಅಸ್ಥಿಪಂಜರ, ಅದಕ್ಕೆ ಹತ್ತಿ ಮತ್ತು ರಬ್ಬರಿನ ಮಾಂಸ, ಮೇಲೆ ಮೊಲದ ಚರ್ಮ. ಕಟ್ಟಿದವನು ಮೆಕ್ಸಿಕೊ ಮೂಲದ ಶಿಲ್ಪಿ ಮಾರ್ಸೆಲ್ ಡೆಲ್ಗಾಡೊ, ಜೀವ ಕೊಟ್ಟವನು ವಿಲಿಸ್ ಒಬ್ರಿಯನ್. 2009ರ ನವೆಂಬರಿನಲ್ಲಿ ಲಂಡನ್ನಿನ ಕ್ರಿಸ್ಟೀಸ್ ಹರಾಜಿನಲ್ಲಿ ಆ ಕಾಂಗ್‌ಗಳಲ್ಲೊಂದು 1,21,250 ಪೌಂಡಿಗೆ ಮಾರಾಟವಾಯಿತು. ಕೊಂಡವರ ಕೈಗೆ ಸಿಕ್ಕಿದ್ದು ಬರೀ ಎಲುಬು. ರಬ್ಬರು, ಹತ್ತಿ, ತುಪ್ಪಳ ಎಲ್ಲ ಯಾವಾಗಲೋ ಉದುರಿಹೋಗಿ ಕೀಲುಗಳ ಸರಳುಗಳಷ್ಟೇ ನಿಂತಿದ್ದವು. ಜಗತ್ತು ಕಂಡ ಅತಿ ದೊಡ್ಡ ನಟರಲ್ಲೊಬ್ಬನ ಗತಿಯೂ ನನ್ನ ಅಂಚೆಯವನ ಗತಿಯೂ ಒಂದೇ ಆಗಿತ್ತು.

ಸ್ಟಾಪ್ ಮೋಷನ್ ಅಂದರೇನು ಎಂದು ತಿಳಿಯದವರಿಗೆ ಎರಡು ಮಾತು. ಗೊಂಬೆಯನ್ನು ಒಂದು ಭಂಗಿಯಲ್ಲಿ ನಿಲ್ಲಿಸಿ ಒಂದು ಫ್ರೇಮ್ ತೆಗೆಯುತ್ತೇವೆ. ತುಸು ಸರಿಸಿ ಇನ್ನೊಂದು. ಸೆಕೆಂಡಿಗೆ 24 ಫ್ರೇಮ್ ಓಡಿಸಿದಾಗ ಗೊಂಬೆ ತಾನಾಗಿ ನಡೆದಂತೆ ಕಾಣುತ್ತದೆ. ಸೂತ್ರದ ಗೊಂಬೆಯಾಟದಲ್ಲಿ ಗೊಂಬೆ ಆಡಿಸುವವರ ಕೈಬೆರಳು ಆಡುವುದನ್ನು ಅದೇ ಗಳಿಗೆಯಲ್ಲಿ ಕಾಣುತ್ತೀರಿ. ಇಲ್ಲಿ ಬೆರಳು ಎರಡು ಫ್ರೇಮ್‌ಗಳ ನಡುವಿನ ಕತ್ತಲಲ್ಲಿ ಬಂದು ಹೋಗುತ್ತದೆ. ಆದರೂ ಗುರುತು ಬಿಟ್ಟು ಹೋಗುತ್ತದೆ. ಕಾಂಗ್‌ನ ಮೈಕೂದಲನ್ನು ಗಮನಿಸಿ ನೋಡಿ: ಗಾಳಿ ಇಲ್ಲದಲ್ಲಿಯೂ ಅದು ಸಳಸಳ ಅಲುಗಾಡುತ್ತಿರುತ್ತದೆ. ಪ್ರತಿ ಫ್ರೇಮಿಗೂ ಗೊಂಬೆಯನ್ನು ಹಿಡಿದು ಸರಿಸಿದ ಬೆರಳುಗಳು ತುಪ್ಪಳವನ್ನು ಒತ್ತಿದ್ದರಿಂದ ಆದದ್ದು ಅದು. ಬ್ರಿಸ್ಟಲ್‌ನ ಆರ್ಡ್‌ಮನ್ ಸ್ಟುಡಿಯೋದವರ ಹಳೆಯ ಚಿತ್ರಗಳಲ್ಲಿ ಪ್ಲಾಸ್ಟಿಸಿನ್ ಎಂಬ ಮೆತ್ತನೆಯ ಮಣ್ಣಿನ ಮುಖಗಳ ಮೇಲೆ ಬೆರಳಚ್ಚು ಸ್ಪಷ್ಟವಾಗಿ ಕಾಣುತ್ತದೆ. ನನ್ನ ಮಟ್ಟಿಗೆ ಈ ಕಲೆಯ ಪ್ರಾಣ ಇರುವುದು ಅಲ್ಲಿ. ಒಬ್ಬ ಮನುಷ್ಯ ಇದನ್ನು ಮುಟ್ಟಿದ್ದ, ಸಾವಿರ ಸಲ ಮುಟ್ಟಿದ್ದ ಎಂಬುದಕ್ಕೆ ಸಾಕ್ಷಿ ತೆರೆಯ ಮೇಲೇ ಇರುತ್ತದೆ.

ಹಾಗಾಗಿಯೇ ಈ ಕಲೆಯ ಚರಿತ್ರೆ ಉಳಿಸುವುದೆಂದರೆ ರೀಲುಗಳನ್ನು ಉಳಿಸಿದರೆ ಮುಗಿಯಲಿಲ್ಲ. ಬೇರೆ ಸಿನಿಮಾದಲ್ಲಿ ನಟ ತೀರಿಕೊಂಡರೂ ಅವನ ಮುಖ ರೀಲಿನಲ್ಲಿರುತ್ತದೆ, ನಾವು ಕಾಪಿಡಬೇಕಾದ್ದು ರೀಲನ್ನು. ಇಲ್ಲಿ ನಟ ಒಂದು ವಸ್ತು. ಅವನ ಎಲುಬು ಹೇಗೆ ಬೆಸೆದಿತ್ತು, ಕೀಲು ಎಷ್ಟು ಬಿಗಿಯಾಗಿತ್ತು, ಕಣ್ಣುರೆಪ್ಪೆ ಯಾವುದರಿಂದ ಮಾಡಿದ್ದರು, ಇವೆಲ್ಲ ಚಿತ್ರ ನೋಡಿದರೆ ಗೊತ್ತಾಗುವುದಿಲ್ಲ. ಗೊಂಬೆಯನ್ನು ಕೈಯಲ್ಲಿ ಹಿಡಿದವರಿಗೇ ಗೊತ್ತಾಗುವುದು. ರೀಲೂ ಬೇಕು, ಗೊಂಬೆಯೂ ಬೇಕು, ಮಾಡಿದವರ ಲೆಕ್ಕದ ಪುಸ್ತಕವೂ ಬೇಕು.

ರೀಲಿನ ಕಥೆಯೂ ನೆಮ್ಮದಿಯದ್ದೇನಲ್ಲ. ಗೊಂಬೆಗಳಿಂದ ಕಥೆ ಹೇಳಿದ ಮೊದಲಿಗರಲ್ಲೊಬ್ಬರಾದ ವ್ಲಾಡಿಸ್ಲಾವ್ ಸ್ಟಾರೆವಿಚ್ ಲಿಥುವೇನಿಯಾದ ಕೌನಸ್ ಊರಿನ ನಿಸರ್ಗ ವಸ್ತುಸಂಗ್ರಹಾಲಯದಲ್ಲಿ ಕೆಲಸ ಮಾಡುತ್ತಿದ್ದವರು. ಕೊಂಬಿನ ಜೀರುಂಡೆಗಳು ಕಾದಾಡುವುದನ್ನು ಚಿತ್ರೀಕರಿಸಬೇಕೆಂದು ಹೊರಟರೆ, ದೀಪದ ಬೆಳಕು ಬಿದ್ದೊಡನೆ ಆ ಹುಳುಗಳು ಅಲುಗಾಡದೆ ಕೂರುತ್ತಿದ್ದವು. ಕೊನೆಗೆ ಸತ್ತ ಜೀರುಂಡೆಗಳ ಕಾಲು ಕಳಚಿ, ಆ ಜಾಗಕ್ಕೆ ತಂತಿಯನ್ನು ಮೇಣದಿಂದ ಅಂಟಿಸಿ, ಫ್ರೇಮ್ ಫ್ರೇಮಾಗಿ ಕಾಳಗ ಮಾಡಿಸಿದರು. 1910ರ ಆ ಚಿತ್ರ ಇವತ್ತು ಇಲ್ಲ. ಎರಡು ವರ್ಷದ ನಂತರ ಅವರು ಹುಳುಗಳಿಂದಲೇ ಮಾಡಿದ, ಸಿನಿಮಾ ಕ್ಯಾಮೆರಾ ಹಿಡಿದ ಮಿಡತೆಯೊಂದು ಸೇಡು ತೀರಿಸಿಕೊಳ್ಳುವ ಚಿತ್ರ ಉಳಿದಿದೆ. ಅದನ್ನು ನೋಡಿದವರಿಗೆ ಕಳೆದುಹೋದದ್ದು ಎಂಥದ್ದಿರಬಹುದು ಎಂಬ ಸಂಕಟ ತಪ್ಪಿದ್ದಲ್ಲ. ರಷ್ಯಾದ ಕ್ರಾಂತಿಯ ನಂತರ ಸ್ಟಾರೆವಿಚ್ ಫ್ರಾನ್ಸಿಗೆ ಹೋಗಿ ನೆಲೆಸಿದರು. ಅವರ ಚಿತ್ರಗಳನ್ನು ಹುಡುಕಿ, ಸರಿಪಡಿಸಿ, ಮತ್ತೆ ಜನರ ಮುಂದಿಟ್ಟವರು ಅವರ ಮೊಮ್ಮಗಳು ಮತ್ತು ಆಕೆಯ ಮನೆಯವರು. ಒಂದು ಕುಟುಂಬ ಹಟ ಹಿಡಿಯದೇ ಹೋಗಿದ್ದರೆ ಈಗ ನೋಡಲು ಸಿಗುವಷ್ಟೂ ಸಿಗುತ್ತಿತ್ತೋ ಇಲ್ಲವೋ.

ಒಬ್ರಿಯನ್ ಕಾಂಗ್‌ಗೂ ಮೊದಲು, 1925ರಲ್ಲಿ ಡೈನೋಸಾರ್‌ಗಳನ್ನು ಕುಣಿಸಿದ ‘ದಿ ಲಾಸ್ಟ್ ವರ್ಲ್ಡ್’ ಇನ್ನೂ ಕೆಟ್ಟ ಪಾಡು ಪಟ್ಟಿತು. ಅದರ ಪರೀಕ್ಷಾ ದೃಶ್ಯಗಳನ್ನು 1922ರಲ್ಲಿ ಕಾದಂಬರಿಕಾರ ಆರ್ಥರ್ ಕಾನನ್ ಡಾಯ್ಲ್ ನ್ಯೂಯಾರ್ಕಿನಲ್ಲಿ ಜಾದೂಗಾರರ ಸಭೆಯೊಂದರಲ್ಲಿ, ಇದು ಏನೆಂದು ಬಾಯಿಬಿಡದೆ ತೋರಿಸಿ ಅವರನ್ನೇ ದಂಗುಬಡಿಸಿದ್ದರು. ಅಂಥ ಚಿತ್ರವನ್ನು ಟಾಕಿ ಬರುವ ಹೊತ್ತಿಗೆ ಚಿತ್ರಮಂದಿರಗಳಿಂದ ಹಿಂದಕ್ಕೆ ಪಡೆದು ಪ್ರಿಂಟುಗಳನ್ನು ನಾಶ ಮಾಡಿದರು. ಹಲವು ದಶಕಗಳ ಕಾಲ ಜಗತ್ತಿಗೆ ಸಿಗುತ್ತಿದ್ದದ್ದು ಮನೆಯಲ್ಲಿ ತೋರಿಸುವುದಕ್ಕೆಂದು ಅರ್ಧಕ್ಕರ್ಧ ಕತ್ತರಿಸಿದ 16 ಎಂಎಂ ಪ್ರತಿ ಮಾತ್ರ. 1992ರಲ್ಲಿ ಜೆಕ್ ಚಿತ್ರಾಗಾರದಲ್ಲಿ ಇನ್ನೊಂದು ಪ್ರತಿ ಸಿಕ್ಕಿತು. ಅಲ್ಲೊಂದು ಇಲ್ಲೊಂದು ಚೂರು ಕೂಡಿಸುತ್ತಾ ಕೂಡಿಸುತ್ತಾ ಈಗ ಬಹುಪಾಲು ಚಿತ್ರ ನೋಡಲು ಸಿಗುತ್ತದೆ. ಅಮೆರಿಕದ ಚಿತ್ರಕ್ಕೆ ಮರುಜೀವ ಬಂದದ್ದು ಪ್ರಾಗ್‌ನಲ್ಲಿ ಯಾರೋ ಎಸೆಯದೆ ಇಟ್ಟ ಡಬ್ಬಿಯಿಂದ. ನಮ್ಮ ಚಿತ್ರ ಅಲ್ಲ, ನಮ್ಮ ಭಾಷೆಯದಲ್ಲ, ನಮಗ್ಯಾಕೆ ಎನ್ನುವವರಿಗೆ ನಾನು ಇದನ್ನು ಹೇಳುತ್ತಿರುತ್ತೇನೆ.

ಈಗ ನನ್ನ ಎದೆಗೆ ತೀರಾ ಹತ್ತಿರದ ಮಾತು. 1933ರಲ್ಲಿ ಲಾಸ್ ಏಂಜಲೀಸಿನ ಚಿತ್ರಮಂದಿರವೊಂದರಲ್ಲಿ ಹದಿಮೂರು ವರ್ಷದ ಹುಡುಗನೊಬ್ಬ ಕಿಂಗ್ ಕಾಂಗ್ ನೋಡಿದ. ಮನೆಗೆ ಬಂದವನು ಮತ್ತೆ ಮೊದಲಿನಂತಾಗಲಿಲ್ಲ. ರೇ ಹ್ಯಾರಿಹೌಸೆನ್ ಅವನ ಹೆಸರು. ತಾಯಿಯ ಹಳೆಯ ತುಪ್ಪಳದ ಕೋಟು ಕರಡಿಗೊಂಬೆಯ ಮೈಯಾಯಿತು. ತಂದೆ ಯಂತ್ರಕೆಲಸ ಬಲ್ಲವರು. ಮಗನ ಗೊಂಬೆಗಳಿಗೆ ಲೋಹದ ಅಸ್ಥಿಪಂಜರಗಳನ್ನು ಕಡೆದು ಕೊಡುತ್ತಿದ್ದರು, 1973ರಲ್ಲಿ ತೀರಿಕೊಳ್ಳುವವರೆಗೂ ಕೊಟ್ಟರು. ಅಮ್ಮ ಹೊಲಿದ ಖಾಕಿ ಅಂಗಿಯನ್ನು ನೋಡಿದಾಗಲೆಲ್ಲ ನನಗೆ ಈ ಮನೆಯ ನೆನಪಾಗುತ್ತದೆ. ಮುಂದೆ ಹ್ಯಾರಿಹೌಸೆನ್ ತಮ್ಮ ಗುರು ಒಬ್ರಿಯನ್ ಜೊತೆಗೇ ‘ಮೈಟಿ ಜೋ ಯಂಗ್’ ಚಿತ್ರದಲ್ಲಿ ದುಡಿದರು. 1963ರ ‘ಜೇಸನ್ ಅಂಡ್ ದಿ ಆರ್ಗೊನಾಟ್ಸ್’ ಚಿತ್ರದಲ್ಲಿ ಏಳು ಅಸ್ಥಿಪಂಜರಗಳು ಮೂವರು ಮನುಷ್ಯರೊಡನೆ ಕತ್ತಿ ಹಿಡಿದು ಕಾದುವ ದೃಶ್ಯವಿದೆ. ಕೆಲವೇ ನಿಮಿಷದ ಆ ಕಾಳಗಕ್ಕೆ ನಾಲ್ಕೂವರೆ ತಿಂಗಳು ಹಿಡಿಯಿತು. ದಿನಕ್ಕೆ ಸರಾಸರಿ 13 ಫ್ರೇಮ್, ಅಂದರೆ ಬೆಳಗಿನಿಂದ ಸಂಜೆಯವರೆಗೆ ನಿಂತರೆ ಅರ್ಧ ಸೆಕೆಂಡಿನ ಸಿನಿಮಾ. ಏಳು ಅಸ್ಥಿಪಂಜರ, ಪ್ರತಿಯೊಂದಕ್ಕೂ ಕೈ, ಕಾಲು, ಕುತ್ತಿಗೆ, ಕತ್ತಿ, ಗುರಾಣಿ. ಯಾವುದು ಎತ್ತ ಹೊರಟಿತ್ತು ಎಂಬುದೆಲ್ಲ ಒಬ್ಬನೇ ಮನುಷ್ಯನ ತಲೆಯಲ್ಲಿ.

ಈ ದೃಶ್ಯವನ್ನು ಪ್ರತಿ ವರ್ಷ ಹೊಸ ತಂಡದ ಮಕ್ಕಳಿಗೆ ತೋರಿಸುತ್ತೇನೆ. ಮೊಬೈಲಿನಲ್ಲಿ ಇದಕ್ಕಿಂತ ನೂರು ಪಟ್ಟು ದೊಡ್ಡ ಯುದ್ಧಗಳನ್ನು ಕಂಡ ಮಕ್ಕಳು ಅವರು. ಆದರೂ ತರಗತಿ ನಿಶ್ಶಬ್ದವಾಗುತ್ತದೆ. ದೀಪ ಹಾಕಿದ ಮೇಲೆ ಒಬ್ಬರಲ್ಲ ಒಬ್ಬರು ಕೇಳುವ ಪ್ರಶ್ನೆ ಒಂದೇ: “ಸರ್, ಆ ಗೊಂಬೆ ಈಗ ಎಲ್ಲಿದೆ? ನೋಡಬಹುದಾ?” ಕಂಪ್ಯೂಟರಿನಲ್ಲಿ ಹುಟ್ಟಿದ ದೈತ್ಯನನ್ನು ಕಂಡು ಯಾರೂ ಹೀಗೆ ಕೇಳಿದ್ದನ್ನು ನಾನು ಕಂಡಿಲ್ಲ.

ಆ ಪ್ರಶ್ನೆಗೆ ಉತ್ತರ ಕೊಡಲು ಸಾಧ್ಯವಾಗಿರುವುದು ಹ್ಯಾರಿಹೌಸೆನ್ ಏನನ್ನೂ ಎಸೆಯದ ಮನುಷ್ಯರಾಗಿದ್ದರಿಂದ. ಹಳೆಯ ಗೊಂಬೆಯನ್ನು ಹೊಸದಕ್ಕೆ ಬಳಸಿಕೊಂಡದ್ದುಂಟು, ಏಳು ಅಸ್ಥಿಪಂಜರಗಳಲ್ಲಿ ಒಂದು ಅವರದೇ 1958ರ ಸಿಂದಬಾದ್ ಚಿತ್ರದ್ದು. ಆದರೆ ಉಳಿದಿದ್ದನ್ನೆಲ್ಲ ಲಂಡನ್ನಿನ ತಮ್ಮ ಮನೆಯಲ್ಲಿ ಇಟ್ಟುಕೊಂಡರು. ಚಿಕ್ಕಂದಿನ ಪ್ರಯೋಗಗಳು, ಇದ್ದಿಲಿನ ದೊಡ್ಡ ಚಿತ್ರಗಳು, ಅಚ್ಚುಗಳು, ಪತ್ರಗಳು, ಯಾವತ್ತೂ ಆಗದೇ ಹೋದ ಚಿತ್ರಗಳ ಟಿಪ್ಪಣಿಗಳು. 1986ರಲ್ಲಿ ಹೆಂಡತಿ ಡಯಾನಾ ಜೊತೆ ಸೇರಿ ಪ್ರತಿಷ್ಠಾನವೊಂದನ್ನು ಕಟ್ಟಿದರು. 2013ರಲ್ಲಿ ಅವರು ತೀರಿಕೊಂಡ ಮೇಲೆ ಅದೇ ಪ್ರತಿಷ್ಠಾನ ಸುಮಾರು 50,000 ವಸ್ತುಗಳನ್ನು ನೋಡಿಕೊಳ್ಳುತ್ತಿದೆ. 2020ರಲ್ಲಿ ಸ್ಕಾಟ್ಲೆಂಡಿನ ರಾಷ್ಟ್ರೀಯ ಆಧುನಿಕ ಕಲಾ ಗ್ಯಾಲರಿಯಲ್ಲಿ ಇವು ಪ್ರದರ್ಶನಗೊಂಡವು. 1973ರ ಇನ್ನೊಂದು ಸಿಂದಬಾದ್ ಚಿತ್ರದಲ್ಲಿ ಆರು ಕೈಗಳ ಕಾಳಿಯ ವಿಗ್ರಹವೊಂದು ಜೀವ ತಳೆದು ಕುಣಿದು, ಆರು ಕತ್ತಿ ಹಿಡಿದು ಹೋರಾಡುತ್ತದೆ. ನಮ್ಮ ದೇವತೆಯನ್ನು ಅವರು ಕಂಡ ಬಗೆಯ ಬಗ್ಗೆ ನನಗೆ ತಕರಾರಿದೆ. ಆರು ಕೈಗಳು ಒಂದಕ್ಕೊಂದು ಅಡ್ಡ ಬಾರದೆ ಹರಿಯುವುದನ್ನು ನೋಡುವಾಗ ಮಾತ್ರ ಮಾತು ನಿಲ್ಲುತ್ತದೆ.

ಇಟ್ಟುಕೊಂಡದ್ದರಿಂದ ಏನಾಯಿತು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ನನಗೆ ಗೊತ್ತಿಲ್ಲ: 1952ರಲ್ಲಿ ಹ್ಯಾರಿಹೌಸೆನ್ ಆಮೆ ಮತ್ತು ಮೊಲದ ಕಥೆಯನ್ನು ಚಿತ್ರ ಮಾಡಲು ಶುರುಮಾಡಿದ್ದರು. ನಾವೆಲ್ಲ ಒಂದನೇ ಕ್ಲಾಸಿನಲ್ಲಿ ಓದಿದ ಅದೇ ಕಥೆ. ಬೇರೆ ಕೆಲಸಗಳು ಬಂದು ಅದು ನಿಂತುಹೋಯಿತು. ಗೊಂಬೆಗಳು ಮಾತ್ರ ಪೆಟ್ಟಿಗೆಯಲ್ಲಿ ಉಳಿದವು. ಐವತ್ತು ವರ್ಷದ ನಂತರ ಅವರನ್ನು ಗುರುವೆಂದು ಬಗೆದ ಇಬ್ಬರು ಯುವಕರು ಆ ಗೊಂಬೆಗಳನ್ನೇ ದುರಸ್ತಿ ಮಾಡಿ, ಅವರ ಕಣ್ಣೆದುರೇ 2002ರಲ್ಲಿ ಚಿತ್ರ ಮುಗಿಸಿದರು. ಪೆಟ್ಟಿಗೆ ಎಸೆದಿದ್ದರೆ ಆಮೆ ಇನ್ನೂ ಅರ್ಧ ದಾರಿಯಲ್ಲೇ ಇರುತ್ತಿತ್ತು.

ಎಲ್ಲರಿಗೂ ಈ ಅದೃಷ್ಟ ಇರಲಿಲ್ಲ. ಅಮೆರಿಕದ ಮನೆಮನೆಯಲ್ಲೂ ಕ್ರಿಸ್‌ಮಸ್ ಬಂತೆಂದರೆ ಟಿವಿಯಲ್ಲಿ ನೋಡುವ, 1964ರ ಕೆಂಪು ಮೂಗಿನ ಹಿಮಸಾರಂಗದ ಚಿತ್ರದ ಗೊಂಬೆಗಳನ್ನು ಆಡಿಸಿದ್ದು ಟೋಕಿಯೊದಲ್ಲಿ, ತದಹಿತೊ ಮೊಚಿನಾಗಾ ಅವರ ಸ್ಟುಡಿಯೋದಲ್ಲಿ. ಕೆಲಸ ಮುಗಿದ ಮೇಲೆ ಅವಕ್ಕೆ ಬೆಲೆ ಇದೆಯೆಂದು ಯಾರಿಗೂ ಅನಿಸಲಿಲ್ಲ. ಸಾಂಟಾ ಮತ್ತು ಹಿಮಸಾರಂಗ ಚಿತ್ರ ಮಾಡಿಸಿದ ಅಮೆರಿಕದ ಕಂಪನಿಯ ಉದ್ಯೋಗಿಯೊಬ್ಬರ ಮನೆ ಸೇರಿ, ಕ್ರಿಸ್‌ಮಸ್ ಗಿಡದ ಕೆಳಗೆ ಮಕ್ಕಳ ಆಟಿಕೆಗಳಾಗಿ ವರ್ಷಗಟ್ಟಲೆ ಕಳೆದವು. ಸಾರಂಗದ ಕೆಂಪು ಮೂಗೇ ಬಿದ್ದುಹೋಗಿತ್ತು. ಆಮೆ ಮೊಲದ ಚಿತ್ರ ಮುಗಿಸಿದವರು ಕಟ್ಟಿದ ಸ್ಟುಡಿಯೋದವರೇ ಅವನ್ನು ಮತ್ತೆ ರಿಪೇರಿ ಮಾಡಿದರು. 2020ರಲ್ಲಿ ಆ ಎರಡು ಗೊಂಬೆಗಳು 3,68,000 ಡಾಲರಿಗೆ ಹರಾಜಾದವು, ಕೊಂಡವರು ಅಟ್ಲಾಂಟಾದ ಗೊಂಬೆಯಾಟ ಕೇಂದ್ರಕ್ಕೆ ದಾನ ಕೊಟ್ಟರು. ಆರ್ಡ್‌ಮನ್‌ದಂತೂ ಇನ್ನೊಂದು ಬಗೆ. 2005ರ ಅಕ್ಟೋಬರ್ 10ರ ಬೆಳಗಿನ ಜಾವ ಬ್ರಿಸ್ಟಲ್‌ನ ಉಗ್ರಾಣಕ್ಕೆ ಬೆಂಕಿ ಬಿದ್ದು, ಮೂರು ದಶಕಗಳ ಸೆಟ್ಟು, ಗೊಂಬೆ, ಸಾಮಾನು ಬಹುಪಾಲು ಬೂದಿಯಾಯಿತು. ಅವರ ಹೊಸ ಚಿತ್ರ ಅಮೆರಿಕದಲ್ಲಿ ಗಳಿಕೆಯಲ್ಲಿ ಮೊದಲ ಸ್ಥಾನಕ್ಕೇರಿದ ಸುದ್ದಿ ಬಂದ ಹೊತ್ತಿನಲ್ಲೇ ಇದು ಆದದ್ದು. ಎರಡು ದಿನ ಹಿಂದೆ ಪಾಕಿಸ್ತಾನ ಮತ್ತು ಕಾಶ್ಮೀರದಲ್ಲಿ ಭೂಕಂಪವಾಗಿ ಸಾವಿರಾರು ಜನ ಸತ್ತಿದ್ದರು. ಅದರ ಮುಂದೆ ತಮ್ಮ ನಷ್ಟ ದೊಡ್ಡದಲ್ಲ ಎಂಬರ್ಥದ ಮಾತನ್ನು ನಿರ್ದೇಶಕ ನಿಕ್ ಪಾರ್ಕ್ ಆಡಿದರು. ಆ ದೊಡ್ಡ ಮನಸ್ಸಿಗೆ ಕೈಮುಗಿಯುತ್ತೇನೆ. ಎಲ್ಲವನ್ನೂ ಒಂದೇ ಸೂರಿನಡಿ ಇಡಬಾರದು ಎಂಬ ಪಾಠವನ್ನೂ ಮರೆಯುವುದಿಲ್ಲ.

ನಮ್ಮಲ್ಲಿಗೆ ಬರೋಣ. ಭಾರತದಲ್ಲಿ ಫ್ರೇಮ್ ಫ್ರೇಮಾಗಿ ಚಿತ್ರ ತೆಗೆಯುವುದು ಕಥಾಚಿತ್ರಕ್ಕಿಂತ ಮೊದಲೇ ಶುರುವಾಯಿತು ಎಂಬುದು ನಮ್ಮ ಎಷ್ಟು ವಿದ್ಯಾರ್ಥಿಗಳಿಗೆ ಗೊತ್ತು? ದಾದಾಸಾಹೇಬ್ ಫಾಲ್ಕೆ ‘ರಾಜಾ ಹರಿಶ್ಚಂದ್ರ’ ತೆಗೆಯುವುದಕ್ಕೆ ಮೊದಲು, ಕುಂಡದಲ್ಲಿ ಬಟಾಣಿ ಕಾಳೊಂದನ್ನು ನೆಟ್ಟು, ಅದು ಮೊಳಕೆಯೊಡೆದು ಬೆಳೆಯುವುದನ್ನು ದಿನವೂ ಬಿಡಿಬಿಡಿ ಫ್ರೇಮುಗಳಲ್ಲಿ ಹಿಡಿದರು. ಕಣ್ಣೆದುರೇ ಗಿಡ ಎದ್ದು ನಿಲ್ಲುವ ಆ ಪುಟ್ಟ ಚಿತ್ರವನ್ನು ತೋರಿಸಿಯೇ ಅವರು ಮುಂದಿನ ಸಿನಿಮಾಕ್ಕೆ ಹಣ ಹೊಂದಿಸಿದ್ದು. 1915ರಲ್ಲಿ ಬೆಂಕಿಕಡ್ಡಿಗಳನ್ನು ಕುಣಿಸುವ ಚಿತ್ರವೊಂದನ್ನೂ ಮಾಡಿದರು. ‘ಅಗ್ಕಾಡ್ಯಾಂಚಿ ಮೌಜ್’, ಕಡ್ಡಿಗಳ ಮೋಜು. ಯುದ್ಧದ ದಿನಗಳು, ಕೈಯಲ್ಲಿ ಕಾಸಿಲ್ಲದ ಮನುಷ್ಯ, ಒಂದು ಬೆಂಕಿಪೊಟ್ಟಣ. ನಮ್ಮ ದೇಶದ ಸ್ಟಾಪ್ ಮೋಷನ್ನಿನ ಮೊದಲ ಪುಟ ಅದು, ಮತ್ತು ಆ ಪುಟ ಹರಿದುಹೋಗಿದೆ. ಚಿತ್ರ ಇಲ್ಲ. ಪುಣೆಯಲ್ಲಿ ರಾಷ್ಟ್ರೀಯ ಚಿತ್ರಾಗಾರ ಶುರುವಾದದ್ದು 1964ರಲ್ಲಿ. ಅದನ್ನು ಕಟ್ಟಿ ಬೆಳೆಸಿದ ಪಿ.ಕೆ. ನಾಯರ್ ಊರೂರು ಅಲೆದು ಫಾಲ್ಕೆಯವರ ಚಿತ್ರಗಳಲ್ಲಿ ಉಳಿದ ಚೂರುಗಳನ್ನು ತಂದು ಸೇರಿಸದೇ ಹೋಗಿದ್ದರೆ ಇಷ್ಟೂ ಇರುತ್ತಿರಲಿಲ್ಲ. ಆದರೆ ಅರ್ಧ ಶತಮಾನ ತಡವಾಗಿತ್ತು. ಕನ್ನಡದವರಾದ ನಮಗೆ ಇದು ಹೊಸ ದುಃಖವೇನಲ್ಲ. 1934ರ ‘ಸತಿ ಸುಲೋಚನಾ’ ನಮ್ಮ ಮೊದಲ ವಾಕ್ಚಿತ್ರ, ಅದನ್ನು ನೋಡಿದ ಕನ್ನಡಿಗರು ಇವತ್ತು ಯಾರಿದ್ದಾರೆ? ಹೊಸಬರು ನೋಡೋಣವೆಂದರೆ ಪ್ರಿಂಟೇ ಇಲ್ಲ.

ಹಾಗಂತ ಗೊಂಬೆ ಉಳಿಸುವುದು ಈ ನಾಡಿಗೆ ಬಾರದ ವಿದ್ಯೆಯಲ್ಲ. ಬೆಂಗಳೂರಿನ ಚಿತ್ರಕಲಾ ಪರಿಷತ್ತಿಗೆ ಹೋಗಿ ನೋಡಿ. ಎಂ.ಎಸ್. ನಂಜುಂಡರಾಯರು ಹಳ್ಳಿಹಳ್ಳಿ ಸುತ್ತಿ ಸಂಗ್ರಹಿಸಿದ ತೊಗಲುಗೊಂಬೆಗಳು ಅಲ್ಲಿವೆ. ಆಟ ನಿಂತು, ಮೇಳಗಳು ಚದುರಿ, ಗೊಂಬೆಗಳು ಗೆದ್ದಲಿಗೂ ಹೊರದೇಶದ ವ್ಯಾಪಾರಿಗಳಿಗೂ ಸಿಗುತ್ತಿದ್ದ ಕಾಲದಲ್ಲಿ ಒಬ್ಬರು ಇದನ್ನು ಮನಸ್ಸಿಗೆ ಹಚ್ಚಿಕೊಂಡರು. ಆ ರಾವಣನ ಬಣ್ಣಗಳ ಮುಂದೆ ನಿಂತಾಗಲೆಲ್ಲ ನನಗೆ ಜರ್ಮನಿಯ ಲೋಟೆ ರೈನಿಗರ್ ನೆನಪಾಗುತ್ತಾರೆ. ಕಪ್ಪು ಕಾಗದ ಕತ್ತರಿಸಿ, ಕೀಲು ಜೋಡಿಸಿ, ಬೆಳಕಿನ ಗಾಜಿನ ಮೇಲೆ ಆಡಿಸಿ 1926ರಲ್ಲಿ ಆಕೆ ಒಂದು ಇಡೀ ಚಿತ್ರ ಮಾಡಿದರು. ಅದರ ಮೂಲ ನೆಗೆಟಿವ್ ಉಳಿಯಲಿಲ್ಲ. ಲಂಡನ್ನಿನಲ್ಲಿದ್ದ ಒಂದು ಪ್ರಿಂಟಿನಿಂದ ಅದನ್ನು ಬಣ್ಣಸಮೇತ ಮತ್ತೆ ಎತ್ತಿ ನಿಲ್ಲಿಸಿದರು. ಆಕೆ ಬಿಟ್ಟುಹೋದ ಸಾಮಗ್ರಿ ಈಗ ಟ್ಯೂಬಿಂಗೆನ್ ಎಂಬ ಊರಿನ ನಗರ ವಸ್ತುಸಂಗ್ರಹಾಲಯದಲ್ಲಿದೆ. ಜೆಕ್‌ನ ಮಹಾಗುರು ಯಿರ್ಝಿ ತ್ರ್ನ್ಕಾ ಅವರ ಬಳಿ ಕಲಿತು ಬಂದ ಜಪಾನಿನ ಕಿಹಚಿರೊ ಕವಾಮೊತೊ ಅವರ ಗೊಂಬೆಗಳಿಗೆ ಇಇದಾ ಎಂಬ ಊರು 2007ರಲ್ಲಿ ಒಂದು ಮ್ಯೂಸಿಯಂ ಕಟ್ಟಿಕೊಟ್ಟಿತು. ಟ್ಯೂಬಿಂಗೆನ್ ಆಗಲಿ ಇಇದಾ ಆಗಲಿ ನಮ್ಮ ತುಮಕೂರಿನಷ್ಟೂ ದೊಡ್ಡ ಊರುಗಳಲ್ಲ.

ಮಾನ್ಯರೇ, ಅನಿಮೇಷನ್, ಗೇಮಿಂಗ್ ಕ್ಷೇತ್ರಕ್ಕೆಂದು ಪ್ರತ್ಯೇಕ ನೀತಿಯನ್ನು 2012ರಲ್ಲಿ ದೇಶದಲ್ಲೇ ಮೊದಲು ತಂದದ್ದು ಕರ್ನಾಟಕ. 2024ರಲ್ಲಿ ಅದರ ಹೊಸ ಆವೃತ್ತಿಯೂ ಬಂದಿದೆ. ಸಾವಿರಾರು ಮಕ್ಕಳು ಈ ಕೆಲಸಕ್ಕೆಂದು ಬೆಂಗಳೂರಿಗೆ ಬರುತ್ತಿದ್ದಾರೆ. ಅವರ ಕೈಗೆ ಕೆಲಸ ಸಿಗಲಿ ಎಂದು ನೀವು ಪಡುತ್ತಿರುವ ಶ್ರಮಕ್ಕೆ ಗೌರವವಿದೆ. ಅದೇ ಕೈಗಳಿಗೆ ತಮ್ಮ ಹಿರಿಯರ ಕೈಕೆಲಸವನ್ನು ಮುಟ್ಟಿ ನೋಡುವ ಒಂದು ಜಾಗವೂ ಬೇಕು. ನಾನು ಕೇಳುತ್ತಿರುವುದು ದೊಡ್ಡ ಕಟ್ಟಡವನ್ನಲ್ಲ. ಒಂದು ಕೋಣೆ ಸಾಕು. ತಂಪಾಗಿರಬೇಕು, ಕತ್ತಲಿರಬೇಕು, ಗಾಳಿಯಲ್ಲಿ ಪಸೆ ಕಡಿಮೆ ಇರಬೇಕು. ರಬ್ಬರು ಮರದ ಹಾಲಿನಿಂದ ಆದದ್ದು. ಬಿಸಿಲು, ಬೆಳಕು, ಗಾಳಿ ಮೂರೂ ಅದಕ್ಕೆ ವೈರಿ, ಮೊದಲು ಗಟ್ಟಿಯಾಗಿ, ಆಮೇಲೆ ಸೀಳಿ, ಕೊನೆಗೆ ಉದುರುತ್ತದೆ. ಫೋಮಿನದೂ ಅದೇ ಹಾದಿ. ತಡೆಯಲಾಗದು, ನಿಧಾನ ಮಾಡಬಹುದು. ನಿಧಾನ ಮಾಡಿದ ಆ ಇಪ್ಪತ್ತು ಮೂವತ್ತು ವರ್ಷದಲ್ಲಿ ಗೊಂಬೆಯ ಎಲ್ಲ ಬದಿಯಿಂದ ಫೋಟೊ ತೆಗೆಯಬಹುದು, ಅಳತೆ ಬರೆದಿಡಬಹುದು, ಅಚ್ಚು ತೆಗೆಯಬಹುದು, ಅದನ್ನು ಮಾಡಿದವರನ್ನು ಕೂರಿಸಿ ಮಾತಾಡಿಸಿ ದಾಖಲಿಸಬಹುದು.

ಕೊನೆಯದನ್ನು ಒತ್ತಿ ಹೇಳುತ್ತೇನೆ. 1990ರ ದಶಕದ ಕೊನೆ, 2000ರ ದಶಕದ ಮೊದಲ ವರ್ಷಗಳಲ್ಲಿ ಟಿವಿಯಲ್ಲಿ ಜೇಡಿಮಣ್ಣಿನ ಗೊಂಬೆಗಳ ಜಾಹೀರಾತು ನೋಡಿ ನಾವು ಈ ಹಾದಿ ಹಿಡಿದವರು. ಅವನ್ನು ಮಾಡಿದವರು ಇನ್ನೂ ನಮ್ಮ ನಡುವೆ ಇದ್ದಾರೆ, ಕೆಲಸ ಮಾಡುತ್ತಿದ್ದಾರೆ, ಕೇಳಿದರೆ ಗಂಟೆಗಟ್ಟಲೆ ಹೇಳುತ್ತಾರೆ. ಯಾವ ಅಂಗಡಿಯಿಂದ ತಂತಿ ತಂದೆವು, ಮೇ ತಿಂಗಳಲ್ಲಿ ದೀಪದ ಕಾವಿಗೆ ಮಣ್ಣು ಕರಗಿ ಮೂಗು ಜಾರಿದಾಗ ಏನು ಮಾಡಿದೆವು, ಇವೆಲ್ಲ ಈಗ ಬರೆದುಕೊಳ್ಳದಿದ್ದರೆ ಇನ್ನು ಇಪ್ಪತ್ತು ವರ್ಷಕ್ಕೆ ಫಾಲ್ಕೆಯ ಬೆಂಕಿಕಡ್ಡಿಗಳ ಜೊತೆ ಸೇರಿಹೋಗುತ್ತವೆ.

ಕಾಲೇಜುಗಳ ಮುಖ್ಯಸ್ಥರಲ್ಲಿ ಒಂದು ಬೇಡಿಕೆ. ನಾನು ಕೆಲವು ವರ್ಷ ಪಾಠ ಮಾಡಿದ ಕಾಲೇಜೊಂದರಲ್ಲಿ ವರ್ಷಾಂತ್ಯದ ಪ್ರದರ್ಶನ ಮುಗಿದ ಮಾರನೆಯ ದಿನ ಮಕ್ಕಳ ಸೆಟ್ಟುಗಳನ್ನೆಲ್ಲ ಕಸದ ಗಾಡಿಗೆ ತುಂಬಿದ್ದನ್ನು ಕಂಡೆ. ಒಬ್ಬಳು ಹುಡುಗಿ ಐದು ತಿಂಗಳು ಕೂತು ಐಸ್‌ಕ್ರೀಂ ಕಡ್ಡಿಗಳಿಂದ ಕಟ್ಟಿದ ಮಲೆನಾಡಿನ ತೊಟ್ಟಿಮನೆ, ಮಾಡಿಗೆ ಬೆಂಕಿಪೊಟ್ಟಣದ ರಟ್ಟಿನಿಂದ ಒಂದೊಂದಾಗಿ ಕತ್ತರಿಸಿದ ಹೆಂಚು. ನಾನು ಓಡಿಹೋಗುವ ಹೊತ್ತಿಗೆ ಅದರ ಮೇಲೆ ಕ್ಯಾಂಟೀನಿನ ಕಸ ಬಿದ್ದಿತ್ತು. ಜಾಗ ಇಲ್ಲ ಎಂಬುದು ನಿಜ. ಎಲ್ಲವನ್ನೂ ಇಡಿ ಎಂದು ಯಾರೂ ಕೇಳುತ್ತಿಲ್ಲ. ವರ್ಷಕ್ಕೆ ಒಂದೋ ಎರಡೋ ಚಿತ್ರ ಆರಿಸಿ. ಅದರ ಒಂದು ಗೊಂಬೆ, ಒಂದು ಸೆಟ್ಟಿನ ಮೂಲೆ, ವಿದ್ಯಾರ್ಥಿಯ ಟಿಪ್ಪಣಿ ಪುಸ್ತಕ, ಕಂಪ್ಯೂಟರಿನಲ್ಲಿ ತಿದ್ದುವ ಮೊದಲಿನ ಮೂಲ ಫ್ರೇಮುಗಳು, ಇಷ್ಟನ್ನು ಇಡಿ. ಮೂಲ ಫ್ರೇಮುಗಳನ್ನು ಎರಡು ಬೇರೆ ಊರುಗಳಲ್ಲಿ ಇಡಿ.

ಅಕಾಡೆಮಿಯವರಲ್ಲಿ ಇನ್ನೊಂದು. ನೀವು ನಡೆಸುವ ಬೆಂಗಳೂರು ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ವರ್ಷಕ್ಕೊಂದು ಹೊತ್ತು ಹಳೆಯ ಸ್ಟಾಪ್ ಮೋಷನ್ ಚಿತ್ರಗಳಿಗೆ ಮೀಸಲಿಡಿ. ಸರಿಪಡಿಸಿದ ಪ್ರತಿಗಳು ಜಗತ್ತಿನ ಚಿತ್ರಾಗಾರಗಳಲ್ಲಿ ಈಗ ಸಿಗುತ್ತವೆ. ತ್ರ್ನ್ಕಾ ಅವರ 1965ರ ‘ಕೈ’ ಎಂಬ ಚಿತ್ರವನ್ನು ದೊಡ್ಡ ತೆರೆಯ ಮೇಲೆ ನಮ್ಮ ಮಕ್ಕಳು ನೋಡಬೇಕು. ತನ್ನ ಪಾಡಿಗೆ ಗಿಡಕ್ಕೆಂದು ಕುಂಡ ಮಾಡುತ್ತಿದ್ದ ಕುಂಬಾರನೊಬ್ಬನನ್ನು ಒಂದು ಬೃಹತ್ ಕೈ ಬಂದು, ನನ್ನ ಪ್ರತಿಮೆ ಮಾಡು ಎಂದು ಪೀಡಿಸುವ ಕಥೆ ಅದು. ತ್ರ್ನ್ಕಾ ತೀರಿಕೊಂಡ ಮೇಲೆ ಅವರದೇ ದೇಶದ ಸರ್ಕಾರ ಅದನ್ನು ಸುಮಾರು ಎರಡು ದಶಕ ನಿಷೇಧಿಸಿಟ್ಟಿತ್ತು. ಹದಿನೆಂಟು ನಿಮಿಷದಷ್ಟು ಉದ್ದದ, ಮಾತೇ ಇಲ್ಲದಂಥ ಗೊಂಬೆಚಿತ್ರಕ್ಕೆ ಒಂದು ಸರ್ಕಾರ ಹೆದರಿತ್ತು ಎಂದು ತಿಳಿದ ಮಗು ಗೊಂಬೆಯನ್ನು ಇನ್ನೆಂದೂ ಹಗುರವಾಗಿ ಹಿಡಿಯಲಾರದು. ಪ್ರದರ್ಶನದ ಜೊತೆ ಕನ್ನಡದಲ್ಲಿ ಒಂದು ಪುಟದ ವಿವರಣೆ ಹಂಚಿ. ಬರೆದುಕೊಡಲು ನಾವು ಕೆಲವರು ಸಿದ್ಧರಿದ್ದೇವೆ.

ಇನ್ನು ಅಟ್ಟದ ಮೇಲೆ ಗೊಂಬೆ ಇಟ್ಟುಕೊಂಡವರಿಗೆ. ದಯವಿಟ್ಟು ಈ ಭಾನುವಾರವೇ ಏಣಿ ಹಾಕಿ ಹತ್ತಿ ನೋಡಿ. ಪ್ಲಾಸ್ಟಿಕ್ ಕವರಿನಲ್ಲಿ ಬಿಗಿಯಾಗಿ ಕಟ್ಟಿದ್ದರೆ ಬಿಚ್ಚಿ, ಒಗೆದ ಹತ್ತಿ ಬಟ್ಟೆಯಲ್ಲಿ ಸಡಿಲವಾಗಿ ಸುತ್ತಿ, ರಟ್ಟಿನ ಪೆಟ್ಟಿಗೆಯಲ್ಲಿಟ್ಟು, ಹೆಂಚಿನ ಕಾವು ತಾಗದ ಕೋಣೆಯ ಕೆಳಗಿನ ಬೀರುವಿಗೆ ಇಳಿಸಿ. ಹಳೆಯ ಕ್ಯಾಸೆಟ್ಟು, ಸಿಡಿ ಇದ್ದರೆ ಅವು ಓದುವಂತಿರುವಾಗಲೇ ಪ್ರತಿ ಮಾಡಿಸಿ. ಏನು ಮಾಡಿದ್ದಿರಿ, ಯಾವಾಗ, ಯಾರು ಸಹಾಯ ಮಾಡಿದರು ಎಂದು ಒಂದು ಚೀಟಿ ಬರೆದು ಪೆಟ್ಟಿಗೆಯೊಳಗೆ ಹಾಕಿ. ಅಂಗಿ ಹೊಲಿದುಕೊಟ್ಟವರ ಹೆಸರನ್ನು ಬಿಡಬೇಡಿ.

ನನ್ನ ಅಂಚೆಯವನ ತಂತಿ, ಅವನ ಖಾಕಿ ಅಂಗಿ, ಒಂದು ಸಣ್ಣ ಸೀಸೆಯಲ್ಲಿ ತುಂಬಿಟ್ಟ ಆ ಹಳದಿ ಪುಡಿ, ಮತ್ತು ನನ್ನ ವಿದ್ಯಾರ್ಥಿಗಳು ಕೊಟ್ಟುಹೋದ ಹನ್ನೊಂದು ಗೊಂಬೆಗಳು ಎರಡು ಶೂ ಡಬ್ಬಿಗಳಲ್ಲಿ ನನ್ನ ಮನೆಯಲ್ಲಿವೆ. ನೀವು ಕೋಣೆ ಎಲ್ಲಿ ಎಂದು ಹೇಳಿದ ದಿನ ತಂದು ಒಪ್ಪಿಸುತ್ತೇನೆ. ಪಟ್ಟಿ ಮಾಡಲು, ಫೋಟೊ ತೆಗೆಯಲು, ಧೂಳು ಒರೆಸಲು ಶನಿವಾರಗಳಂದು ಬರುತ್ತೇನೆ, ಸಂಬಳ ಬೇಡ. ನನ್ನ ಜೊತೆ ಬರುತ್ತೇವೆಂದು ಆರು ಮಂದಿ ಹಳೆಯ ವಿದ್ಯಾರ್ಥಿಗಳು ಹೇಳಿದ್ದಾರೆ. ಅವರಲ್ಲಿ ತೊಟ್ಟಿಮನೆ ಕಟ್ಟಿದವಳೂ ಒಬ್ಬಳು.

ನಿಮ್ಮ ಉತ್ತರಕ್ಕೆ ಕಾಯುತ್ತಾ,

ಸ್ಟಾಪ್ ಮೋಷನ್ ಕಲಿಸುವ ಒಬ್ಬ ಮೇಷ್ಟ್ರು
ಬೆಂಗಳೂರು